ವಜಾ ಆದವನಿಗೆ ಕೋರ್ಟು ಏನು ಕೊಡಬಲ್ಲುದು?

(ಗಿರಣಿ ಕಾರ್ಮಿಕರ ಸಭೆಯಲ್ಲಿ ಮಾಡಿದ ಭಾಷಣ)



ಒಬ್ಬ ಕಾರ್ಮಿಕನನ್ನು ವಜಾ ಮಾಡಿದರೆ ನಿಲ್ಲುವುದು ಅವನೊಬ್ಬನ ಸಂಬಳವಲ್ಲ. ಅವನ ಮನೆಗೆ ಅಕ್ಕಿ ಬೇಳೆ ಉದ್ರಿ ಕೊಟ್ಟ ಅಂಗಡಿಯ ಲೆಕ್ಕವೂ ಅಲ್ಲಿಗೇ ನಿಲ್ಲುತ್ತದೆ. ಆದ್ದರಿಂದ ಈ ವಿಷಯ ನಮ್ಮೆಲ್ಲರದು. "ಹೋಗಲಿ ಬಿಡು, ಕೋರ್ಟಿದೆಯಲ್ಲ" ಎಂದು ನಾವು ಸುಲಭವಾಗಿ ಹೇಳಿಬಿಡುತ್ತೇವೆ. ಕೋರ್ಟು ಇದೆ, ನಿಜ. ಆದರೆ ಅದು ಏನನ್ನು ನೋಡುತ್ತದೆ, ಏನನ್ನು ನೋಡುವುದಿಲ್ಲ ಎಂಬುದನ್ನು ಮೊದಲೇ ತಿಳಿದಿರಬೇಕು.

ಕೈಗಾರಿಕಾ ವಿವಾದಗಳ ಕಾಯಿದೆ 1947ರಲ್ಲಿ ಬಂತು. ಆದರೂ ಒಬ್ಬ ಕಾರ್ಮಿಕನ ವಜಾ ತಾನಾಗಿಯೇ ಕೈಗಾರಿಕಾ ವಿವಾದವೆನಿಸುತ್ತಿರಲಿಲ್ಲ. ಸಂಘವೋ ಜೊತೆಗಾರರೋ ಅವನ ಬೆನ್ನಿಗೆ ನಿಲ್ಲಬೇಕಿತ್ತು. ಈ ಅಡ್ಡಿಯನ್ನು 1965ರ ತಿದ್ದುಪಡಿ ತೆಗೆದುಹಾಕಿತು.

ಇನ್ನೊಂದು ಅಡ್ಡಿ ಇದಕ್ಕಿಂತ ದೊಡ್ಡದು. ಇಂಡಿಯನ್ ಐರನ್ ಅಂಡ್ ಸ್ಟೀಲ್ ಕಂಪೆನಿಯ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 1957ರಲ್ಲಿ ಹೇಳಿದ್ದೇನು? ನ್ಯಾಯಮಂಡಳಿಯು ಮಾಲೀಕರ ತೀರ್ಮಾನದ ಮೇಲೆ ಅಪೀಲು ಕೇಳುವ ಕೋರ್ಟಲ್ಲ. ಮಾಲೀಕರಲ್ಲಿ ಪ್ರಾಮಾಣಿಕತೆ ಇಲ್ಲದಿದ್ದರೆ, ಹಗೆ ಸಾಧಿಸಿದ್ದರೆ, ಮೂಲದಲ್ಲೇ ತಪ್ಪು ನಡೆದಿದ್ದರೆ ಅಥವಾ ಸಹಜ ನ್ಯಾಯವನ್ನು ಮುರಿದಿದ್ದರೆ, ತೀರ್ಮಾನಕ್ಕೆ ಏನೇನೂ ಆಧಾರವಿಲ್ಲದಿದ್ದರೆ ಮಾತ್ರ ಅದು ಕೈಹಾಕಬಹುದು. ತಪ್ಪು ಸಣ್ಣದು, ಶಿಕ್ಷೆ ದೊಡ್ಡದು ಎಂಬ ಕೂಗು ಒಂದೇ ಸಾಲುತ್ತಿರಲಿಲ್ಲ.

1971ರ ಡಿಸೆಂಬರಿನಲ್ಲಿ 11-ಎ ಕಲಮು ಜಾರಿಗೆ ಬಂದು ಈ ಬಾಗಿಲು ತೆರೆಯಿತು. ಸಾಕ್ಷ್ಯವನ್ನು ತಾನೇ ತೂಗಿ ನೋಡಿ, ವಜಾ ಸರಿಯಲ್ಲವೆಂದು ಕಂಡರೆ ಮರಳಿ ಕೆಲಸ ಕೊಡಿಸುವ ಅಥವಾ ಚಿಕ್ಕ ಶಿಕ್ಷೆ ವಿಧಿಸುವ ಅಧಿಕಾರ ಕಾರ್ಮಿಕ ನ್ಯಾಯಾಲಯಕ್ಕೆ ಬಂತು. ಆದರೆ ಫೈರ್‌ಸ್ಟೋನ್ ಟೈರ್ ಕಂಪೆನಿಯ ಮೊಕದ್ದಮೆಯಲ್ಲಿ, 1973ರಲ್ಲಿ, ಸುಪ್ರೀಂ ಕೋರ್ಟು ಇನ್ನೊಂದು ಮಾತನ್ನೂ ಹೇಳಿತು: ಗಿರಣಿಯ ವಿಚಾರಣೆ ಕೆಟ್ಟಿದ್ದರೂ ಮಾಲೀಕರು ನ್ಯಾಯಾಲಯದ ಮುಂದೆ ಹೊಸದಾಗಿ ಸಾಕ್ಷ್ಯ ತರಬಹುದು. ಆದ್ದರಿಂದ ವಿಚಾರಣೆ ಸರಿಯಿಲ್ಲವೆಂದು ತೋರಿಸಿದ ಮಾತ್ರಕ್ಕೆ ಗೆದ್ದಂತಾಗದು. ಕನಿಕರಕ್ಕೂ ಮಿತಿಯಿದೆ. ಮೇಲಧಿಕಾರಿಯನ್ನು ಹೊಲಸು ಮಾತಿನಲ್ಲಿ ಬೈದ ಒಬ್ಬ ಕಾರ್ಮಿಕನಿಗೆ ಕಾರ್ಮಿಕ ನ್ಯಾಯಾಲಯ ಮರಳಿ ಕೆಲಸ ಕೊಡಿಸಿತ್ತು. 2005ರಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದುಪಡಿಸಿ ವಜಾವನ್ನೇ ಎತ್ತಿಹಿಡಿಯಿತು.

ಮುಂದೆ ಹೈಕೋರ್ಟು. ಅಲ್ಲಿ ರಿಟ್ ಅರ್ಜಿ ಎಂದರೆ ಅಪೀಲಲ್ಲ. ಕಾನೂನಿನ ತಪ್ಪು ಎದ್ದುಕಾಣುತ್ತಿದೆಯೇ, ಅಧಿಕಾರ ಮೀರಲಾಗಿದೆಯೇ ಎಂದು ನೋಡುತ್ತಾರೆಯೇ ಹೊರತು ಸಾಕ್ಷಿಗಳನ್ನು ಮತ್ತೆ ಕರೆಸುವುದಿಲ್ಲ. ಕೆಳಗೆ ಬರೆಸದೆ ಬಿಟ್ಟ ಮಾತು ಮೇಲೆ ಹುಟ್ಟುವುದಿಲ್ಲ. ನಾವು ಇಂದು ಮುಖ್ಯವಾಗಿ ಹೇಳಬೇಕೆಂದಿರುವುದು ಇದನ್ನೇ. ನಿಮ್ಮ ಮೊಕದ್ದಮೆ ಬೆಂಗಳೂರಿನಲ್ಲಿ ಶುರುವಾಗುವುದಲ್ಲ. ಗಿರಣಿಯ ಆಫೀಸಿನಲ್ಲಿ ಚಾರ್ಜ್‌ಶೀಟು ಕೈಗೆ ಬಂದ ದಿನವೇ ಶುರುವಾಗುತ್ತದೆ.

ಇನ್ನು ಹಿಂದಿನ ಸಂಬಳದ ಮಾತು. ಕೆಲಸ ಮರಳಿ ಸಿಕ್ಕಿ, ಹೊರಗಿದ್ದ ವರ್ಷಗಳ ಸಂಬಳ ಸಿಗದಿದ್ದರೆ ತಪ್ಪಿಲ್ಲದವನೇ ದಂಡ ತೆತ್ತಂತೆ. ಪೂರ್ತಿ ಸಂಬಳವೇ ಸಾಮಾನ್ಯ ನಿಯಮ ಎಂದು ಹಿಂದೂಸ್ತಾನ್ ಟಿನ್ ವರ್ಕ್ಸ್ ಮೊಕದ್ದಮೆಯ ತೀರ್ಪು 1978ರಲ್ಲಿ ಹೇಳಿತು. ಆದರೂ ಆ ಕಾರ್ಮಿಕರಿಗೆ ಕೊನೆಗೆ ದಕ್ಕಿದ್ದು ನೂರಕ್ಕೆ 75. ಮಹಾರಾಷ್ಟ್ರದ ಒಬ್ಬ ಶಾಲಾ ಶಿಕ್ಷಕಿಗೆ ನ್ಯಾಯಮಂಡಳಿ ಕೊಡಿಸಿದ್ದ ಹಿಂದಿನ ಸಂಬಳವನ್ನು ಹೈಕೋರ್ಟು ಕಿತ್ತುಹಾಕಿತ್ತು. ಸುಪ್ರೀಂ ಕೋರ್ಟು 2013ರಲ್ಲಿ ಅದನ್ನು ಮರಳಿ ಕೊಡಿಸಿತು. ತನಗೆ ಬೇರೆ ಸಂಪಾದನೆ ಇರಲಿಲ್ಲವೆಂದು ಕೆಲಸಗಾರ ಹೇಳಿದ ಮೇಲೆ, ಇತ್ತು ಎಂದು ತೋರಿಸುವ ಹೊಣೆ ಮಾಲೀಕನದು ಎಂದೂ ಅದು ಹೇಳಿತು. ಆದರೆ ಹಾಗೆಂದು ಮೊದಲು ಹೇಳಬೇಕಾದವರು ನಾವು.

2025ರ ನವೆಂಬರ್ 21ರಿಂದ ಹಳೆಯ ಕಾಯಿದೆಯ ಬದಲು 2020ರ ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದಿದೆ. ಶಿಕ್ಷೆಯನ್ನು ಬದಲಿಸುವ ಅಧಿಕಾರ ಅದರಲ್ಲೂ ಉಳಿದಿದೆ. ಆದರೆ ಸಂಧಾನಾಧಿಕಾರಿಯ ಮುಂದೆ ವಿವಾದ ತರಲು ಎರಡೇ ವರ್ಷ. ಅಲ್ಲಿ ಬಗೆಹರಿಯದಿದ್ದರೆ, ಅವರ ವರದಿ ಬಂದ 90 ದಿನಗಳೊಳಗೆ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಊರ ಜಾತ್ರೆ ಮುಗಿಯಲಿ, ಮಳೆಗಾಲ ಕಳೆಯಲಿ ಎಂದು ಕೂರುವಂತಿಲ್ಲ.

ಆದ್ದರಿಂದ ಬಂಧುಗಳೇ, ಚಾರ್ಜ್‌ಶೀಟಿಗೆ ಬರಹದಲ್ಲಿ ಉತ್ತರ ಕೊಡಿ, ನಕಲು ಇಟ್ಟುಕೊಳ್ಳಿ. ಸಿಟ್ಟಿನಿಂದ ವಿಚಾರಣೆಯನ್ನು ಬಿಟ್ಟು ಬರಬೇಡಿ. ಸಾಕ್ಷಿಗಳಿಗೆ ಪಾಟೀಸವಾಲು ಹಾಕಿ. ಅವಕಾಶ ಕೊಡದಿದ್ದರೆ ಅದನ್ನೇ ಬರೆಸಿ. ಓದದ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿ. ಪ್ರತಿ ಪಾಳಿಯಲ್ಲೂ ಚಾರ್ಜ್‌ಶೀಟು ಓದಿ ಉತ್ತರ ಬರೆಯಬಲ್ಲ ಇಬ್ಬರನ್ನು ಸಂಘ ತಯಾರು ಮಾಡಲಿ. ಕಲಿಸಲು ನಾವು ಸಿದ್ಧರಿದ್ದೇವೆ. ಅಂಗಡಿಕಾರ ಮಿತ್ರರಲ್ಲಿ ಒಂದೇ ಬಿನ್ನಹ: ಮೊಕದ್ದಮೆ ನಡೆಯುವಷ್ಟು ದಿನ ಆ ಮನೆಯ ಉದ್ರಿ ಖಾತೆ ಮುಚ್ಚಬೇಡಿ. ಹಸಿವಿಗೆ ಅಂಜಿ ರಾಜಿನಾಮೆ ಬರೆದುಕೊಟ್ಟವನಿಗೆ ಯಾವ ಕೋರ್ಟಿನಿಂದಲೂ ಪರಿಹಾರ ಸಿಗುವುದು ಕಷ್ಟ.