ಉತ್ತರದಲ್ಲಿ ಮೂರು ರಾತ್ರಿ
(ಶಾಲೆಯ ಸುವರ್ಣ ಮಹೋತ್ಸವ ಸಮಾರಂಭದಲ್ಲಿ ಹಿರಿಯ ವಿದ್ಯಾರ್ಥಿಯೊಬ್ಬರು ಮಾಡಿದ ಭಾಷಣದ ಬರಹ ರೂಪ)



ಸಾಫ್ಟ್‌ವೇರ್ ಕೆಲಸದ ಬಗ್ಗೆ ಮಾತಾಡಿ ಎಂದು ಸಮಿತಿಯವರು ಹೇಳಿದ್ದರು. ಆದರೆ ಹೋದ ತಿಂಗಳು ಶಾಲೆಗೆ ಬಂದಾಗ ಒಂಬತ್ತನೇ ತರಗತಿಯ ಹುಡುಗಿಯೊಬ್ಬಳು, 'ಸರ್, ನೀವು ಆಕಾಶದಲ್ಲಿ ಹಸಿರು ಬೆಳಕು ನೋಡಿದ್ದೀರಂತೆ, ನಿಜಾನಾ?' ಎಂದು ಕೇಳಿದಳು. ಆವತ್ತು ಹೌದು ಎಂದಷ್ಟೇ ಹೇಳಿ ಹೋದೆ. ಪೂರ್ತಿ ಉತ್ತರ ಇವತ್ತು ಹೇಳುತ್ತೇನೆ. ಅದರಲ್ಲಿ ನನ್ನದೊಂದು ತಪ್ಪೂ ಇದೆ. ಆ ತಪ್ಪಿಗೆ ಸಾಕ್ಷಿ ಮೂರನೇ ಸಾಲಿನಲ್ಲಿ ಮಫ್ಲರ್ ಸುತ್ತಿಕೊಂಡು ಕೂತಿದ್ದಾರೆ, ನಮ್ಮಪ್ಪ. ಆದ್ದರಿಂದ ಸುಳ್ಳು ಹೇಳುವ ಹಾಗಿಲ್ಲ.

ಅಪ್ಪ ಅಶೋಕಪುರಂ ರೈಲ್ವೆ ವರ್ಕ್‌ಶಾಪ್‌ನಲ್ಲಿ ಕೆಲಸ ಮಾಡಿ ನಿವೃತ್ತರಾದವರು. ಸರ್ವೀಸಿನಲ್ಲಿದ್ದಾಗ ನಮ್ಮನ್ನು ದೂರದ ಊರಿಗೆ ಕರೆದುಕೊಂಡು ಹೋದದ್ದು ಒಂದೇ ಸಲ, ರೈಲ್ವೆ ಪಾಸಿನಲ್ಲಿ ಕಾಶಿಗೆ. ನಾನು ಇಲ್ಲಿ ಹತ್ತನೇ ತರಗತಿ ಮುಗಿಸಿ, ಮೈಸೂರಿನಲ್ಲೇ ಬಿ.ಇ. ಮಾಡಿ ಕೆಲಸಕ್ಕೆ ಸೇರಿದೆ. 2023ರ ಕೊನೆಗೆ ಕಂಪನಿ ಆರು ತಿಂಗಳ ಮಟ್ಟಿಗೆ ಜರ್ಮನಿಯ ಮ್ಯೂನಿಕ್‌ಗೆ ಕಳಿಸಿತು. ಅಪ್ಪ ಅಮ್ಮ ಅಲ್ಲಿಗೆ ಬಂದಿದ್ದರು. ಒಂದು ದಿನ ಅಪ್ಪ ಟಿ.ವಿ.ಯಲ್ಲಿ ಧ್ರುವಪ್ರಭೆಯ ಚಿತ್ರ ನೋಡಿ, 'ಇದು ಇಲ್ಲಿಂದ ಎಷ್ಟು ದೂರ ಆಗುತ್ತೆ?' ಅಂದರು. ಅಪ್ಪ ತಮಗಾಗಿ ಒಂದನ್ನು ಕೇಳಿದ್ದು ನನಗೆ ನೆನಪಿರಲಿಲ್ಲ. ಅವತ್ತು ರಾತ್ರಿಯೇ ಟಿಕೆಟ್ ಮಾಡಿದೆ. ಅಮ್ಮ ಚಳಿಗೆ ಹೆದರಿ ಸೊಸೆ, ಮೊಮ್ಮಗಳ ಜೊತೆ ಉಳಿದರು. ನಮ್ಮ ಕೈಗೆ ಪುಳಿಯೋಗರೆ ಗೊಜ್ಜು, ಚಟ್ನಿಪುಡಿ, ಅವಲಕ್ಕಿ ಕಟ್ಟಿಕೊಟ್ಟರು.

ನಾವು ಹೋದದ್ದು 2024ರ ಫೆಬ್ರವರಿಯಲ್ಲಿ, ನಾರ್ವೆ ದೇಶದ ಟ್ರೊಮ್ಸೊ ಎಂಬ ಊರಿಗೆ. ಮಕ್ಕಳೇ, ಭೂಪಟದಲ್ಲಿ ಹುಡುಕಿ. ನಮ್ಮ ಮೈಸೂರು ಸುಮಾರು 12 ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ. ಟ್ರೊಮ್ಸೊ ಸುಮಾರು 70 ಡಿಗ್ರಿಯಲ್ಲಿದೆ. ಉತ್ತರ ಧ್ರುವವೃತ್ತ ದಾಟಿ ಇನ್ನೂ ಮುನ್ನೂರು ಕಿಲೋಮೀಟರಿಗೂ ಹೆಚ್ಚು ಮೇಲೆ. ನವೆಂಬರ್ ಕೊನೆಯಿಂದ ಜನವರಿ ಮಧ್ಯದವರೆಗೆ ಅಲ್ಲಿ ಸೂರ್ಯ ಹುಟ್ಟುವುದೇ ಇಲ್ಲ. ನಾವು ಹೋಗುವ ಹೊತ್ತಿಗೆ ದಿನಕ್ಕೆ ಆರೇಳು ಗಂಟೆ ಹಗಲು ಬಂದಿತ್ತು. ಇಷ್ಟು ಉತ್ತರದಲ್ಲಿದ್ದರೂ ಅಲ್ಲಿನ ಸಮುದ್ರ ಹೆಪ್ಪುಗಟ್ಟುವುದಿಲ್ಲ. ಅಟ್ಲಾಂಟಿಕ್ ಸಾಗರದ ಬೆಚ್ಚನೆಯ ಪ್ರವಾಹ ಅಲ್ಲಿಯವರೆಗೆ ಬರುವುದೇ ಕಾರಣ.

ನಮ್ಮದು ಮೂರು ರಾತ್ರಿಯ ಗುಂಪು ಪ್ರವಾಸ. ಒಂದು ವ್ಯಾನು, ಎಂಟು ಜನ, ಒಬ್ಬರು ಗೈಡ್. ಗೈಡ್ ಹೆಣ್ಣುಮಗಳು, ಹೆಚ್ಚು ಕಡಿಮೆ ನನ್ನ ವಯಸ್ಸು. ಆಕೆ ಮೊದಲೇ ಹೇಳಿದ ಮಾತು, 'ಬೆಳಕು ತೋರಿಸುತ್ತೇನೆ ಎಂದು ನಾನು ಮಾತು ಕೊಡುವುದಿಲ್ಲ. ಮೋಡ ಇಲ್ಲದ ಜಾಗ ಹುಡುಕಲು ಪ್ರಯತ್ನ ಪಡುತ್ತೇನೆ ಎಂದು ಮಾತ್ರ ಕೊಡುತ್ತೇನೆ.' ಅಪ್ಪನಿಗೆ ಕನ್ನಡದಲ್ಲಿ ಹೇಳಿದೆ. 'ಸರಿ ಬಿಡು, ಅರಮನೆ ಲೈಟ್ ಅಲ್ವಲ್ಲ, ಭಾನುವಾರ ಏಳು ಗಂಟೆಗೆ ಸ್ವಿಚ್ ಹಾಕೋಕೆ' ಅಂದರು.

ಮೊದಲ ರಾತ್ರಿ ಪೂರ್ತಿ ಮೋಡ. ಕರಾವಳಿ ಬಿಟ್ಟು ಒಳನಾಡಿಗೆ ಹೋದರೆ ಬೆಟ್ಟಗಳು ಕಡಲ ಮೋಡವನ್ನು ತಡೆಯುತ್ತವೆ, ಅಲ್ಲಿ ಆಕಾಶ ತೆರೆದಿರಬಹುದು ಎಂದು ಗಂಟೆಗಟ್ಟಲೆ ಓಡಾಡಿದೆವು. ರಾತ್ರಿ ಎರಡಕ್ಕೆ ಬರಿಗೈಲಿ ವಾಪಸ್ಸು.

ಮರುದಿನ ಸಾಮಿ ಜನರ ಹಿಮಸಾರಂಗಗಳನ್ನು ನೋಡಲು ಹೋದೆವು. ನಾರ್ವೆ, ಸ್ವೀಡನ್, ಫಿನ್‌ಲ್ಯಾಂಡ್, ರಷ್ಯಾಗಳ ಉತ್ತರದಲ್ಲಿ ವಾಸಿಸುವ ಮೂಲನಿವಾಸಿಗಳು ಸಾಮಿಗಳು. ಅಲ್ಲಿ ನಾನು ಕಲಿತ ಎರಡು ಸಂಗತಿ ಹೇಳಲೇಬೇಕು. ಜಿಂಕೆ ಜಾತಿಯಲ್ಲಿ ಸಾಮಾನ್ಯವಾಗಿ ಗಂಡಿಗೆ ಮಾತ್ರ ಕೊಂಬು. ಹಿಮಸಾರಂಗದಲ್ಲಿ ಹೆಣ್ಣಿಗೂ ಇರುತ್ತದೆ. ದೊಡ್ಡ ಗಂಡುಗಳ ಕೊಂಬು ಚಳಿಗಾಲದ ಆರಂಭಕ್ಕೇ ಉದುರುತ್ತದೆ, ಬಸುರಿ ಹೆಣ್ಣುಗಳ ಕೊಂಬು ಮರಿ ಹಾಕುವ ಕಾಲದವರೆಗೆ ಉಳಿಯುತ್ತದೆ. ಹಿಮ ಕೆದಕಿ ಮೇವು ತೆಗೆದ ಗುಂಡಿಯನ್ನು ಅವು ಬೇರೆಯವರಿಗೆ ಬಿಟ್ಟುಕೊಡುವುದಿಲ್ಲ. ಅಪ್ಪ ಇದನ್ನು ಕೇಳಿ ಬಹಳ ಖುಷಿಪಟ್ಟರು. ಎರಡನೆಯದು ಅವುಗಳ ಕಣ್ಣು. ಕಣ್ಣಿನ ಹಿಂಭಾಗದಲ್ಲಿ ಕನ್ನಡಿಯಂಥ ಪದರವಿದೆ. ಅದು ಬೇಸಿಗೆಯಲ್ಲಿ ಚಿನ್ನದ ಬಣ್ಣ, ಚಳಿಗಾಲದಲ್ಲಿ ಗಾಢ ನೀಲಿ. ತಿಂಗಳುಗಟ್ಟಲೆ ಕತ್ತಲಲ್ಲಿ ಬದುಕಲು ಅದರ ಕಣ್ಣೇ ಬದಲಾಗುತ್ತದೆ.

ಎರಡನೇ ರಾತ್ರಿ ಮತ್ತೂ ಒಳಗೆ, ಸ್ಕಿಬೊಟ್ನ್ ಕಣಿವೆ ದಾಟಿ ಫಿನ್‌ಲ್ಯಾಂಡ್ ಗಡಿಯ ಕಡೆಗೆ ಹೋದೆವು. ಅಲ್ಲಿ ಸೊನ್ನೆಗಿಂತ 22 ಡಿಗ್ರಿ ಕೆಳಗೆ. ಆಕಾಶ ಸ್ವಚ್ಛವಾಗಿತ್ತು. ಗೈಡ್ ಹಿಮದ ಮೇಲೆ ಬೆಂಕಿ ಹಾಕಿದರು. ಇಲ್ಲಿ ನನ್ನ ಮೊದಲ ದಡ್ಡತನ. ಚಳಿ ತಡೆಯಲಿ ಎಂದು ಅಪ್ಪನಿಗೆ ಎರಡು ಜೊತೆ ದಪ್ಪ ಕಾಲುಚೀಲ ಹಾಕಿಸಿ, ಅದರ ಮೇಲೆ ಬೂಟು ತೊಡಿಸಿದ್ದೆ. ಬೂಟು ಬಿಗಿಯಾದರೆ ಕಾಲಿಗೆ ರಕ್ತ ಸರಿಯಾಗಿ ಓಡುವುದಿಲ್ಲ, ಬೆಚ್ಚಗಿನ ಗಾಳಿ ನಿಲ್ಲಲು ಜಾಗವೂ ಇರುವುದಿಲ್ಲ. ಒಂದೇ ಜೊತೆ ಹಾಕಿ ಬೂಟು ಸಡಿಲವಿದ್ದರೆ ಹೆಚ್ಚು ಬೆಚ್ಚಗಿರುತ್ತದೆ. ಅರ್ಧ ಗಂಟೆಗೆ ಅಪ್ಪನ ಬೆರಳು ಮರಗಟ್ಟಿತು. 'ನಾನು ವ್ಯಾನಲ್ಲಿ ಕೂತಿರ್ತೀನಿ, ಬಂದ್ರೆ ಕೂಗು' ಅಂದು ಒಳಗೆ ಹೋದರು.

ಹನ್ನೊಂದು ಗಂಟೆ ಸುಮಾರಿಗೆ ಬೆಟ್ಟದ ಮೇಲೆ ಬೂದುಬಣ್ಣದ ಒಂದು ಪಟ್ಟಿ ಕಂಡಿತು. ಒಲೆಯ ಹೊಗೆ ಅಂದುಕೊಂಡೆ. ಮಕ್ಕಳೇ, ಇದು ನಿಮಗೆ ಗೊತ್ತಿರಲಿ: ಬೆಳಕು ಮಂದವಾಗಿದ್ದಾಗ ನಮ್ಮ ಕಣ್ಣಿಗೆ ಬಣ್ಣ ತಿಳಿಯುವುದಿಲ್ಲ. ಕ್ಯಾಮೆರಾ ಕೆಲವು ಸೆಕೆಂಡು ಬೆಳಕನ್ನು ಕೂಡಿಸಿಕೊಳ್ಳುವುದರಿಂದ ಫೋಟೋದಲ್ಲಿ ಹಸಿರು ಢಾಳಾಗಿ ಬರುತ್ತದೆ. ಫೋಟೋ ನೋಡಿ ಹೋದವರಿಗೆ ಮೊದಲ ನೋಟದಲ್ಲಿ ನಿರಾಸೆಯಾಗುವುದು ಅದಕ್ಕೇ. ಆದರೆ ಸ್ವಲ್ಪ ಹೊತ್ತಿಗೆ ಆ ಪಟ್ಟಿ ದಪ್ಪವಾಯಿತು, ಅಲುಗಿತು. ಈಗ ಬರಿಗಣ್ಣಿಗೇ ಹಸಿರು. ಮದುವೆ ಮನೆಯ ಪರದೆಯನ್ನು ಯಾರೋ ಒಂದು ತುದಿಯಿಂದ ಇನ್ನೊಂದು ತುದಿಗೆ ಎಳೆದ ಹಾಗೆ ಆಕಾಶದ ಉದ್ದಕ್ಕೂ ಹರಿಯಿತು. ಅಂಚಿನಲ್ಲಿ ನೇರಳೆ. ಒಂದಿಷ್ಟೂ ಸದ್ದಿಲ್ಲ.

ನಾನು ಏನು ಮಾಡುತ್ತಿದ್ದೆ? ಫೋನನ್ನು ಸ್ಟ್ಯಾಂಡಿಗೆ ಹಾಕಿ ಸೆಟ್ಟಿಂಗ್ ಸರಿಮಾಡುತ್ತಿದ್ದೆ. ಚಳಿಗೆ ಬ್ಯಾಟರಿ ಇಳಿದು ಫೋನ್ ಆಫ್ ಆಯಿತು. ಪವರ್ ಬ್ಯಾಂಕ್ ಸಿಕ್ಕಿಸಿದೆ. ಮತ್ತೆ ತೆಗೆದೆ. ಇಪ್ಪತ್ತೇಳು ಫೋಟೋ ಬಂದವು. ಹತ್ತು ನಿಮಿಷದಲ್ಲಿ ಬೆಳಕು ಕುಗ್ಗಿ, ಚೂರುಚೂರಾಗಿ ಅಳಿಸಿಹೋಯಿತು. ಹಿಂದಿನಿಂದ ವ್ಯಾನಿನ ಬಾಗಿಲು ತೆಗೆದ ಸದ್ದಾಯಿತು. ಒಳಗಿನ ಉಸಿರಿಗೆ ಗಾಜಿನ ಮೇಲೆಲ್ಲ ಮಂಜು ಕಟ್ಟಿತ್ತು. ಅಪ್ಪನಿಗೆ ತೂಕಡಿಕೆ ಬಂದಿತ್ತು. ಜನರ ಮಾತು ಕೇಳಿ ಎದ್ದು ಬಂದಿದ್ದರು.

'ಏನೋ ಗಲಾಟೆ? ಮುಗೀತಾ?'

ಅಪ್ಪನಿಗಾಗಿ ಮಾಡಿದ ಪ್ರವಾಸ ಅದು. ಹತ್ತು ಹೆಜ್ಜೆ ದೂರದಲ್ಲಿದ್ದ ಅವರನ್ನು ಕೂಗಲು ನನಗೆ ನೆನಪಾಗಲಿಲ್ಲ. ಬೇರೆ ಯಾರ ಮೇಲೂ ಹಾಕುವ ತಪ್ಪಲ್ಲ ಇದು. ಮತ್ತೆ ಬಂದೀತೆಂದು ಒಂದೂವರೆ ಗಂಟೆ ಕಾದೆವು. ಬರಲಿಲ್ಲ. ಫೋಟೋ ತೋರಿಸಿದೆ. 'ಚೆನ್ನಾಗಿದೆ' ಅಂದರು. ಆಮೇಲೆ, ನನ್ನ ಮುಖ ನೋಡಿಯೋ ಏನೋ, 'ಧ್ರುವ ನಕ್ಷತ್ರ ಎಲ್ಲಿ, ತೋರಿಸು' ಅಂದರು.

ತೋರಿಸಿದೆ. ಹೆಚ್ಚು ಕಡಿಮೆ ನೆತ್ತಿಯ ಹತ್ತಿರ ಇತ್ತು. ಕೈ ಪೂರ್ತಿ ಚಾಚಿ ಮುಷ್ಟಿ ಹಿಡಿದರೆ ಅದರ ಅಗಲ ಸುಮಾರು 10 ಡಿಗ್ರಿ. ಮೈಸೂರಿನಲ್ಲಿ ಧ್ರುವ ನಕ್ಷತ್ರ ದಿಗಂತದಿಂದ ಒಂದು ಮುಷ್ಟಿಗಿಂತ ಸ್ವಲ್ಪ ಮೇಲೆ ಮಾತ್ರ, ಎದುರು ಮನೆಯ ತಾರಸಿ ಇದ್ದರೆ ಮುಚ್ಚಿಹೋಗುತ್ತದೆ. ಅಲ್ಲಿ ಏಳು ಮುಷ್ಟಿ. ನೀವು ಎಷ್ಟು ಉತ್ತರದಲ್ಲಿದ್ದೀರಿ ಎಂಬುದನ್ನು ಆ ನಕ್ಷತ್ರದ ಎತ್ತರವೇ ಹೇಳುತ್ತದೆ. ಅಪ್ಪ ಆ ಚಳಿಯಲ್ಲಿ ಗ್ಲೌಸ್ ಕೈ ಚಾಚಿ ಏಳು ಮುಷ್ಟಿ ಎಣಿಸಿದರು.

ಮೂರನೇ ದಿನ ಸಮುದ್ರದ ಕಡೆ ದೋಣಿಯಲ್ಲಿ ಕರೆದುಕೊಂಡು ಹೋದರು. ಬಿಳಿಬಾಲದ ಕಡಲ ಹದ್ದು ನಮ್ಮ ತಲೆಯ ಮೇಲೇ ತಿರುಗಿತು. ರೆಕ್ಕೆ ಬಿಚ್ಚಿದರೆ ಎರಡು ಮೀಟರಿಗೂ ಹೆಚ್ಚು. ಅದನ್ನು ಅಪ್ಪ ಎಲ್ಲರಿಗಿಂತ ಮೊದಲು ಕಂಡರು. ಆ ರಾತ್ರಿ ಹಿಮ ಸುರಿಯಿತು. ಹೊರಗೆ ಹೋಗುವ ಮಾತೇ ಇರಲಿಲ್ಲ. ಪ್ರವಾಸ ಮುಗಿಯಿತು. ಇಬ್ಬರಿಗೂ ಸೇರಿ ಎರಡು ಲಕ್ಷ ರೂಪಾಯಿಗೂ ಮೇಲೆ ಖರ್ಚಾಗಿತ್ತು. ಊರಿಗೆ ಬಂದ ಮೇಲೆ ಯಾರಾದರೂ ಕೇಳಿದರೆ ಅಪ್ಪ ಹೇಳುವುದು ಒಂದೇ ಮಾತು: 'ಮಗ ನೋಡ್ದ, ನಾನು ವ್ಯಾನ್ ಕಾಯ್ತಿದ್ದೆ.' ನೋಡಿ, ಈಗಲೂ ನಗುತ್ತಿದ್ದಾರೆ.

ಈಗ ಆ ಬೆಳಕು ಏನು ಎಂದು ಹೇಳಬೇಕು. ಸೂರ್ಯನಿಂದ ವಿದ್ಯುತ್ ಕಣಗಳ ಗಾಳಿ ಸದಾ ಬೀಸುತ್ತಿರುತ್ತದೆ. ಇಲ್ಲಿಗೆ ಬರಲು ಸಾಮಾನ್ಯವಾಗಿ ಎರಡರಿಂದ ನಾಲ್ಕು ದಿನ ಬೇಕು. ಭೂಮಿಯ ಕಾಂತಕ್ಷೇತ್ರ ಅದನ್ನು ತಡೆದು ಬದಿಗೆ ಸರಿಸುತ್ತದೆ. ಆ ಗುದ್ದಾಟದಲ್ಲಿ ಕಾಂತಕ್ಷೇತ್ರದೊಳಗೆ ಶಕ್ತಿ ಕೂಡಿಕೊಂಡು, ಎಲೆಕ್ಟ್ರಾನ್‌ಗಳು ಕಾಂತರೇಖೆಗಳ ಗುಂಟ ಧ್ರುವಗಳ ಸುತ್ತ ಉಂಗುರದಾಕಾರದ ಜಾಗಕ್ಕೆ ನುಗ್ಗುತ್ತವೆ. ನೂರು ಕಿಲೋಮೀಟರಿಗಿಂತ ಮೇಲೆ ಆಮ್ಲಜನಕಕ್ಕೆ ಬಡಿದರೆ ಹಸಿರು. ಇನ್ನೂ ಬಹಳ ಮೇಲೆ, ಇನ್ನೂರು ಕಿಲೋಮೀಟರ್ ದಾಟಿದರೆ ಅದೇ ಆಮ್ಲಜನಕ ಕೆಂಪು ಕೊಡುತ್ತದೆ. ಕೆಳಅಂಚಿನ ನೇರಳೆ ಸಾರಜನಕದ್ದು. ಅಂಗಡಿ ಮುಂದಿನ ನಿಯಾನ್ ಬೋರ್ಡು ಹೊಳೆಯುವುದೂ ಇದೇ ರೀತಿ, ವಿದ್ಯುತ್ತು ಅನಿಲಕ್ಕೆ ತಾಗಿದಾಗ. ನಾರ್ವೆಯ ವಿಜ್ಞಾನಿ ಕ್ರಿಸ್ಟಿಯಾನ್ ಬಿರ್ಕಲ್ಯಾಂಡ್ ನೂರು ವರ್ಷಕ್ಕೂ ಹಿಂದೆ ಗಾಜಿನ ಪೆಟ್ಟಿಗೆಯೊಳಗೆ ಕಾಂತದ ಚಿಕ್ಕ ಭೂಮಿ ಮಾಡಿಟ್ಟು ಇದನ್ನು ಪ್ರಯೋಗಾಲಯದಲ್ಲಿ ತೋರಿಸಿದ್ದರು.

ಇದಕ್ಕೆ ನಾರ್ವೆಗೇ ಹೋಗಬೇಕೆಂದಿಲ್ಲ. ನಾವು ಬಂದ ಕೆಲವೇ ತಿಂಗಳಿಗೆ, 2024ರ ಮೇ 10ರ ರಾತ್ರಿ, ಇಪ್ಪತ್ತು ವರ್ಷಗಳಲ್ಲೇ ದೊಡ್ಡ ಸೌರ ಬಿರುಗಾಳಿ ಭೂಮಿಗೆ ಬಡಿಯಿತು. ಲಡಾಖಿನ ಹಾನ್ಲೆಯಲ್ಲಿ ಆಕಾಶ ಕೆಂಪಾದದ್ದನ್ನು ಅಲ್ಲಿನ ಖಗೋಳ ವೀಕ್ಷಣಾಲಯದ ಕ್ಯಾಮೆರಾಗಳು ಹಿಡಿದವು. ಆ ವೀಕ್ಷಣಾಲಯ ನಮ್ಮ ಬೆಂಗಳೂರಿನ ಭಾರತೀಯ ಖಗೋಳ ಭೌತವಿಜ್ಞಾನ ಸಂಸ್ಥೆಯದು. ಅಲ್ಲಿನ ಎರಡು ಮೀಟರ್ ದೂರದರ್ಶಕವನ್ನು ಹೊಸಕೋಟೆಯಲ್ಲಿ ಕೂತು ನಡೆಸುತ್ತಾರೆ. 2023ರ ಸೆಪ್ಟೆಂಬರ್ 2ರಂದು ಹಾರಿದ ಆದಿತ್ಯ-ಎಲ್1 ನೌಕೆಯ ಮುಖ್ಯ ಉಪಕರಣವನ್ನು ಕಟ್ಟಿದ್ದೂ ಅದೇ ಸಂಸ್ಥೆ, ಅದೇ ಹೊಸಕೋಟೆಯಲ್ಲಿ. ಈ ಸುದ್ದಿ ಹೇಳಿದಾಗ ಅಪ್ಪ ಕೇಳಿದ್ದು, 'ಅಲ್ಲಿಗೆ ಟ್ರೈನ್ ಇದ್ಯಾ?' ಲಡಾಖಿಗೆ ಇನ್ನೂ ರೈಲಿಲ್ಲ.

ಕೊನೆಯದಾಗಿ ಒಂದು ಮಾತು. ನಮ್ಮ ನಂಜನಗೂಡು ತಾಲ್ಲೂಕಿನ ಹದಿನಾರು ಕೆರೆಗೆ ಚಳಿಗಾಲದಲ್ಲಿ ಪಟ್ಟೆತಲೆ ಹೆಬ್ಬಾತುಗಳು ಬರುತ್ತವೆ. ಬಿಳಿ ತಲೆಯ ಮೇಲೆ ಎರಡು ಕಪ್ಪು ಪಟ್ಟೆ. ಅವು ಮರಿ ಮಾಡುವುದು ಮಂಗೋಲಿಯಾ, ಟಿಬೆಟ್, ಲಡಾಖಿನ ಕಡೆ. ಮಂಗೋಲಿಯಾದಲ್ಲಿ ಕುತ್ತಿಗೆಗೆ ಗುರುತಿನ ಪಟ್ಟಿ ಹಾಕಿದ ಹಕ್ಕಿಗಳು ಕರ್ನಾಟಕದ ಕೆರೆಗಳಲ್ಲಿ ಕಂಡಿವೆ. ಹಿಮಾಲಯ ದಾಟುವಾಗ ಅವು ಏಳು ಸಾವಿರ ಮೀಟರ್ ಎತ್ತರದಲ್ಲಿ ಹಾರಿದ್ದೂ ದಾಖಲಾಗಿದೆ. ಉತ್ತರ ನೋಡಲು ನಾನು ಎರಡು ಲಕ್ಷ ಖರ್ಚು ಮಾಡಿದೆ. ಉತ್ತರವೇ ಇಲ್ಲಿಗೆ ಬಂದು ಇಳಿಯುವುದು ನನಗೆ ಗೊತ್ತಿರಲಿಲ್ಲ.

ಡಿಸೆಂಬರ್ ಕೊನೆಯ ಭಾನುವಾರ ಬೆಳಗಿನ ಜಾವ ಅಪ್ಪನನ್ನು ಕರೆದುಕೊಂಡು ಅಲ್ಲಿಗೆ ಹೋಗಿದ್ದೆ. ಆ ಬಾತುಗಳು ರಾತ್ರಿ ಹೊಲಗಳಲ್ಲಿ ಮೇದು, ಬೆಳಗ್ಗೆ ಕೆರೆಗೆ ಮರಳುತ್ತವೆ. ನಾನು ಕಾರಿನ ಬಾಗಿಲು ಹಾಕಿ ಹಿಂದೆ ತಿರುಗುವಷ್ಟರಲ್ಲಿ ಏರಿಯ ಮೇಲಿಂದ ಅಪ್ಪ ಕೂಗಿದರು: 'ಬಾರೋ ಬೇಗ, ಬಂದ್ವು!' ನನ್ನನ್ನು ಕರೆಯಲು ಅವರು ಮರೆಯಲಿಲ್ಲ.

ನಮ್ಮ ಬ್ಯಾಚಿನವರು ಸೇರಿ ಶಾಲೆಗೆ ನಾಲ್ಕು ಬೈನಾಕ್ಯುಲರ್ ಕೊಟ್ಟಿದ್ದೇವೆ. ಪ್ರತಿ ಜನವರಿ ಒಂಬತ್ತನೇ ತರಗತಿಯ ಮಕ್ಕಳನ್ನು ಹದಿನಾರು ಕೆರೆಗೆ ಕರೆದುಕೊಂಡು ಹೋಗುವ ಬಸ್ಸಿನ ಖರ್ಚೂ ನಮ್ಮದೇ. ಗುರುಗಳಲ್ಲಿ ಒಂದೇ ಪ್ರಾರ್ಥನೆ, ಬೈನಾಕ್ಯುಲರ್ ಹಾಳಾದೀತೆಂದು ಬೀರುವಿನಲ್ಲಿಟ್ಟು ಬೀಗ ಹಾಕಬೇಡಿ. ಹಾಳಾದರೆ ಇನ್ನೊಂದು ಕೊಡುತ್ತೇವೆ. ಮಕ್ಕಳೇ, ನಿಮ್ಮಲ್ಲೂ ಒಂದು ಕೋರಿಕೆ. ಹಕ್ಕಿ ಕಂಡ ಕೂಡಲೇ ಪಕ್ಕದಲ್ಲಿರುವವರನ್ನು ಮೊದಲು ಕರೆಯಿರಿ. ಫೋಟೋ ಆಮೇಲೆ.