ನಾಯಿಯ ಮೋರೆಗೆ ಕತ್ತರಿ ಹಾಕುವ ಮುನ್ನ

ಶ್ರಾವಣ ಬಂತೆಂದರೆ ನಮ್ಮ ಉರುಕುಂದ ಈರಣ್ಣಸ್ವಾಮಿಗೆ ಮುಡಿ ಕೊಡಲು ಕನ್ನಡದವರೂ ತೆಲುಗಿನವರೂ ಸಾಲುಗಟ್ಟುತ್ತಾರೆ. ಮುಡಿ ಎನ್ನಿ, ತಲನೀಲಾಲು ಎನ್ನಿ, ಕ್ಷೌರಿಕನ ಕ್ರಮ ಒಂದೇ. ಮೊದಲು ತಲೆ ನೆನೆಸುತ್ತಾನೆ, ಎಡಗೈಯಲ್ಲಿ ತಲೆ ಹಿಡಿಯುತ್ತಾನೆ, ಆಮೇಲೆ ಕತ್ತಿ. ಅದನ್ನು ನೋಡಿ ನೋಡಿ ಕಲಿತೆನೆಂದು ತಿಳಿದು ಮನೆಯ ನಾಯಿಯ ಮೇಲೆ ಆ ವಿದ್ಯೆ ತೋರಿಸಲು ಹೋದೆ.

ಹೊಲ ಕಾಯುವ ಊರ ನಾಯಿಗಾಗಲಿ ಮುಧೋಳದ ನಾಯಿಗಾಗಲಿ ಈ ಸೇವೆ ಬೇಕಿಲ್ಲ, ಅವುಗಳ ಕೂದಲು ಗಿಡ್ಡ. ನಮ್ಮದು ಮಗಳು ತಂದುಬಿಟ್ಟು ಹೋದ ಲಾಸಾ ಆಪ್ಸೊ. ಟಿಬೆಟ್ಟಿನ ಚಳಿಯ ತಳಿ, ಕೂದಲು ಕಣ್ಣು ಮುಚ್ಚುವಷ್ಟು. ಬೇಲಿ ಬದಿಗೆ ಹೋಗಿ ಬಂದರೆ ಗಲ್ಲದ ತುಂಬ ಉತ್ತರಾಣಿ ಬೀಜ, ಅದರ ಸುತ್ತ ಗಂಟು.

ಗಂಟಿಗೆ ನೀರು ಹಾಕಿ ನೆನೆಸಿದೆ. ಅದು ಸಡಿಲವಾಗಲಿಲ್ಲ, ಇನ್ನೂ ಬಿಗಿದು ಚರ್ಮಕ್ಕೆ ಅಂಟಿ ಕೂತಿತು. ಕತ್ತರಿ ಹಾಕಿದೆ. ಕೂದಲ ಜೊತೆ ಕಿವಿಯ ಕೆಳಗಿನ ಚರ್ಮವೂ ಬಂತು. ಕಚ್ಚಲಿಲ್ಲ, ಅದು ಆ ನಾಯಿಯ ದೊಡ್ಡಗುಣ. ಆದರೆ ಬಹಳ ದಿನ ಕತ್ತರಿ ಕಂಡರೆ ಮಂಚದ ಕೆಳಗೆ ಸೇರುತ್ತಿತ್ತು.

ಗಾಯಕ್ಕೆ ಹೊಲಿಗೆ ಹಾಕಿದ ಪಶುವೈದ್ಯರು ಹೇಳಿದರು: ಗಂಟನ್ನು ಒಣಗಿದ್ದಾಗಲೇ ಬಿಡಿಸಬೇಕು, ಸ್ನಾನ ಆಮೇಲೆ. ಬೆರಳಿನಿಂದ ಸ್ವಲ್ಪ ಸ್ವಲ್ಪ ಬಿಡಿಸಿ. ಬರದಿದ್ದರೆ ಚರ್ಮಕ್ಕೂ ಗಂಟಿಗೂ ನಡುವೆ ಬಾಚಣಿಗೆ ತೂರಿಸಿ, ಬಾಚಣಿಗೆಯ ಹೊರಮಗ್ಗುಲಲ್ಲಿ ಕತ್ತರಿಸಿ. ಆಗ ಚರ್ಮಕ್ಕೆ ಬಾಚಣಿಗೆಯೇ ಕಾವಲು. ಕಣ್ಣಿನ ಪಿಸುರಿನ ಮಾತು ಬೇರೆ. ಅದಕ್ಕೆ ಉಗುರುಬೆಚ್ಚಗಿನ ನೀರಿನ ಹತ್ತಿ ಒತ್ತಿ ಹಿಡಿದು, ಮೆತ್ತಗಾದ ಮೇಲೆ ಒರೆಸಬೇಕು.

ಕತ್ತರಿಯ ತುದಿ ದುಂಡಗಿರಲಿ. ಅದು ಎಂದೂ ಕಣ್ಣಿನ ಕಡೆಗೆ ತಿರುಗಬಾರದು, ಮೂಗಿನ ಕಡೆಗಿರಬೇಕು. ಎಡಗೈ ಗದ್ದದ ಕೆಳಗೆ. ಕತ್ತರಿ ಹಿಡಿದ ಕೈಯ ಕಿರುಬೆರಳು ಕೆನ್ನೆಗೆ ತಾಗಿರಲಿ, ನಾಯಿ ತಲೆ ಕೊಡವಿದರೆ ಕೈಯೂ ಅದರ ಜೊತೆಗೇ ಹೋಗುತ್ತದೆ. ಬಿರುಸಾದ ಮೀಸೆ ಮುಟ್ಟಬೇಡಿ, ಕತ್ತಲಲ್ಲಿ ಅದು ತಡವಿ ತಿಳಿಯುವುದು ಅದರಿಂದ. ಕಿವಿಯೊಳಗೂ ಕತ್ತರಿ ಬೇಡ. ಕಣ್ಣು ಕೆಂಪಾಗಿದ್ದರೆ, ತೆರೆಯದಿದ್ದರೆ, ನಿಮ್ಮ ಕಣ್ಣಿಗೆ ಬಿಟ್ಟು ಉಳಿದ ಔಷಧಿ ಹಾಕದೆ ಪಶು ಆಸ್ಪತ್ರೆಗೆ ಒಯ್ಯಿರಿ.

ಕಚ್ಚೀತೆಂದು ಹಗ್ಗದಿಂದ ಬಾಯಿ ಬಿಗಿಯುವವರಿದ್ದಾರೆ. ನಾಯಿ ಮೈ ತಣ್ಣಗಾಗಿಸಿಕೊಳ್ಳುವುದೇ ಬಾಯಿ ತೆರೆದು ತೇಕುವುದರಿಂದ. ನಮ್ಮ ಬೇಸಿಗೆಯಲ್ಲಿ ಬಿಗಿದರೆ ಪ್ರಾಣಕ್ಕೇ ಸಂಚಕಾರ. ಹುಚ್ಚುನಾಯಿ ರೋಗದ ಲಸಿಕೆ ವರ್ಷ ವರ್ಷ ಹಾಕಿಸಿರಿ. ಹಾಗಿದ್ದೂ ಹಲ್ಲು ತಾಗಿತೋ, ಸೋಪು ಹಚ್ಚಿ ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು ಅಂದೇ ಆಸ್ಪತ್ರೆಗೆ ಹೋಗಿ. ಸುಣ್ಣ, ಅರಿಶಿನ ಬೇಡ.

ಈಗ ನಮ್ಮಲ್ಲಿ ಭಾನುವಾರಕ್ಕೊಮ್ಮೆ ಈ ಕೆಲಸ. ಜವಳದ ಮಗುವನ್ನು ಸೋದರಮಾವ ಕೂರಿಸಿಕೊಂಡ ಹಾಗೆ ಮೊಮ್ಮಗ ತೊಡೆಯ ಮೇಲೆ ಕೂರಿಸಿಕೊಳ್ಳುತ್ತಾನೆ. ಎರಡು ಸಲ ಕತ್ತರಿ ಆಡಿದರೆ ಒಂದು ಚೂರು ರೊಟ್ಟಿ. ಮೂರನೆಯದಕ್ಕೆ ಮೋರೆ ತಿರುಗಿಸಿದರೆ ಉಳಿದ ಗಡ್ಡ ಮುಂದಿನ ವಾರಕ್ಕೆ. ಹೀಗಾಗಿ ಒಮ್ಮೊಮ್ಮೆ ಅರ್ಧ ಗಡ್ಡದಲ್ಲೇ ಬೀದಿಗೆ ಹೋಗುತ್ತದೆ, ಮಕ್ಕಳು ನಗುತ್ತಾರೆ.