ಕಾಣದ ಜೊತೆಗಾರನೊಡನೆ ಮಾತು

ಕೇಳುಗರೆ, ಕೊಪ್ಪಳ ಸೀಮೆಯ ಮಂಗಳೂರಿನಂಥ ಊರಿನಲ್ಲಿ ಕಬಡ್ಡಿಯಾಡುವ ಹುಡುಗ ನಾಲಗೆ ಸಡಿಲಬಿಟ್ಟರೆ ಕಟ್ಟೆಯ ಮೇಲಿನ ಹಿರಿಯರು ಗದರಿಸುವುದುಂಟು. ಅವನೇ ಮೊಬೈಲಿನಲ್ಲಿ ಬಿ.ಜಿ.ಎಂ.ಐ. ಆಟಕ್ಕೆ ಕುಳಿತರೆ ಗದರಿಸುವವರು ಯಾರು? 2021ರಲ್ಲಿ ನಮ್ಮ ದೇಶದಲ್ಲಿ ಬಿಡುಗಡೆಯಾದ ಈ ಆಟದ ಒಂದು ಕಣದಲ್ಲಿ ನೂರು ಮಂದಿ ಇಳಿಯಬಹುದು, ನಾಲ್ವರದೊಂದು ತಂಡ. ಜೊತೆಗಾರರು ಮುಖ ಕಾಣದ, ಬೇರೆ ಬೇರೆ ಊರಿನವರು. ಅವರನ್ನು ಒಂದುಗೂಡಿಸುವುದು ಮಾತು.

ಆ ಮಾತು ಚುಟುಕಾಗಿರಬೇಕು. “ಅಗೋ ಅಲ್ಲಿ!” ಎಂದು ಕೂಗಿದರೆ ಯಾರಿಗೂ ಏನೂ ತಿಳಿಯದು. ಪರದೆಯ ಮೇಲ್ಭಾಗದಲ್ಲಿ ದಿಕ್ಕು ತೋರುವ ಅಂಕಿಗಳುಂಟು. “120, ಮನೆಯ ಹಿಂದೆ, ಇಬ್ಬರು” ಎಂದರೆ ಸಾಕು; 120 ಎಂದರೆ ಪೂರ್ವಕ್ಕೂ ದಕ್ಷಿಣಕ್ಕೂ ನಡುವೆ. ಜೊತೆಗಾರನಿಗೆ ಕನ್ನಡ ಬಾರದಿದ್ದರೆ ನಕ್ಷೆಯ ಮೇಲೆ ಗುರುತು ಹಾಕಬಹುದು.

ಬೈಗುಳ ಕೇಳಿಬಂದರೆ ತಿರುಗಿ ಬೈಯುವುದು ಬೇಡ. ಆ ಧ್ವನಿಯನ್ನು ನಿಲ್ಲಿಸುವ ಗುಂಡಿಯುಂಟು, ದೂರು ಕೊಡುವ ಏರ್ಪಾಡೂ ಉಂಟು. ಊರು, ಶಾಲೆ, ಫೋನ್ ನಂಬರು, ಓ.ಟಿ.ಪಿ. ಇವನ್ನು ಕೇಳುವವನು ಎಷ್ಟು ಸವಿಯಾಗಿ ಮಾತನಾಡಿದರೂ ಹೇಳಬಾರದೆಂದು ಮಕ್ಕಳಿಗೆ ಮೊದಲೇ ತಿಳಿಸಿರಿ. ಆಗಾಗ ಇಯರ್‌ಫೋನನ್ನು ತೆಗೆಸಿರಿ. ಆಟದ ಮಾತು ಮನೆಯವರ ಕಿವಿಗೂ ಬೀಳಲಿ.